ಲೈಬ್ನಿಟ್ಸ್ ಪಂಡಿತನ ಜೀವಚರಿತ್ರೆ

ಕಳೆದ ದಸರಾ ರಜೆಯಲ್ಲಿ ನಮ್ಮ ಶಾಲೆಯ ಹಳೇ ವಿದ್ಯಾರ್ಥಿನಿಯೊಬ್ಬಳು ನನ್ನನ್ನು ಕಾಣಲು ಬಂದಿದ್ದಳು. ಆಕೆಯು ಈಗ ದ್ವಿತೀಯ ಪಿ.ಯು.ಸಿ. ತರಗತಿಯಲ್ಲಿ ವಿಜ್ಞಾನವನ್ನು ಅಭ್ಯಾಸ ಮಾಡುತ್ತಿದ್ದಾಳೆ. ಅವಳ ಗಣಿತದ ನೋಟ್‌ಪುಸ್ತಕವನ್ನು ತಿರುವಿ ನೋಡುತ್ತಿರಲಾಗಿ, ಒಂದು ಪುಟದಲ್ಲಿ ತಾನು ಮಾಡಿದ ಉತ್ತರವನ್ನು ಅಡ್ಡಗೀಟಿನಿಂದ ಹೊಡೆದುಹಾಕಿ ಅದರ ಕೆಳಗೆ ಬೇರೊಂದನ್ನು ಬರೆದಿರುವದು ನನ್ನ ಕಣ್ಣಿಗೆ ಬಿತ್ತು. ಹೊಡೆದುಹಾಕಿದ ಉತ್ತರವು ಸರಿಯಾಗಿಯೇ ಇತ್ತು. ಯಾಕೆ ಹೀಗೆ ಮಾಡಿದೆ ಎಂದು ಕೇಳಿದ್ದಕ್ಕೆ, ಫೋನಿನಲ್ಲಿ ದೊರೆಯುವ ಅನುಕಲನದ ಕ್ಯಾಲ್ಕುಲೇಟರು ಬೇರೆ ಉತ್ತರವನ್ನು ತೋರಿಸಿತೆಂದೂ, ಯಂತ್ರವು ತಪ್ಪುವದಿಲ್ಲವಾದ್ದರಿಂದ ತಪ್ಪಿದವಳು ತಾನೇ ಆಗಿರಬೇಕೆಂದೂ ಹೇಳಿದಳು. ಸೈನ್ ಎಕ್ಸ್ ಮತ್ತು ಕಾಸ್ ಎಕ್ಸ್ ಇವೆರಡರ ಗುಣಲಬ್ಧವನ್ನು ಅನುಕಲನ ಮಾಡುವ ಲೆಕ್ಕವದು. ಅವಳಿಗೆ ಸೈನ್ ವರ್ಗದ ಅರ್ಧವು ಬಂದಿತ್ತು. ಯಂತ್ರವೋ ಕಾಸ್ ವರ್ಗದ ಅರ್ಧವನ್ನು ಋಣಚಿಹ್ನೆಯೊಡನೆ ತೋರಿಸಿತ್ತು.

ಆ ಲೆಕ್ಕದ ಸಂಗತಿಯನ್ನು ಕಡೆಯಲ್ಲಿ ತಿಳಿಸುವೆನು. ಅವಳು ಹೊರಟುಹೋದ ಮೇಲೆ ನನ್ನ ಮನಸ್ಸನ್ನು ಚುಚ್ಚಿದ್ದು ಮತ್ತೊಂದು ವಿಚಾರ. ಪುಸ್ತಕದಲ್ಲಿ ಅವಳು ಬರೆದಿದ್ದ ಅನುಕಲನದ ಚಿಹ್ನೆಯನ್ನು ಲೋಕಕ್ಕೆ ಕೊಟ್ಟವನೂ, ಅವಳು ತನಗಿಂತ ಹೆಚ್ಚಾಗಿ ನಂಬಿದ ಯಂತ್ರದ ಮೂಲಪುರುಷರಲ್ಲಿ ಒಬ್ಬನೂ ಒಬ್ಬನೇ ಮನುಷ್ಯನು. ಎರಡು ಕೆಲಸಗಳನ್ನೂ ಆತನು ಒಂದೇ ಊರಿನಲ್ಲಿ ನಾಲ್ಕು ವರುಷಗಳೊಳಗೆ ನಡಿಸಿದನು. ಆ ಹುಡುಗಿಗೆ ಆತನ ಹೆಸರು ತಿಳಿಯದು. ಎಂಟನೆಯ ತರಗತಿಯಿಂದ ಹತ್ತನೆಯ ತರಗತಿಯ ವರೆಗೆ ಅವಳಿಗೆ ಗಣಿತವನ್ನು ಕಲಿಸಿದವಳು ನಾನಾದಕಾರಣ, ಈ ಅಜ್ಞಾನದ ಹೊಣೆಯು ನನ್ನದೇ. ಆ ಕೊರತೆಯನ್ನು ತುಸುಮಟ್ಟಿಗಾದರೂ ತುಂಬಬೇಕೆಂದು ಈ ಚರಿತ್ರೆಯನ್ನು ಬರೆಯುತ್ತಿದ್ದೇನೆ.

ಗಾಟ್‌ಫ್ರೀಡ್ ವಿಲ್‌ಹೆಲ್ಮ್ ಲೈಬ್ನಿಟ್ಸನು ಜರ್ಮನಿ ದೇಶದ ಲೈಪ್‌ಜಿಗ್ ಪಟ್ಟಣದಲ್ಲಿ ೧೬೪೬ನೇ ಇಸವಿ ಜುಲೈ ೧ರಲ್ಲಿ ಜನಿಸಿದನು. ಆ ದೇಶವನ್ನು ಮೂವತ್ತು ವರುಷ ಸುಟ್ಟು ಹಾಳುಮಾಡಿದ ಯುದ್ಧವು ಇನ್ನೂ ಮುಗಿದಿರಲಿಲ್ಲ. ಅದು ನಿಂತದ್ದು ೧೬೪೮ರಲ್ಲಿ. ತಂದೆಯು ಲೈಪ್‌ಜಿಗ್ ವಿಶ್ವವಿದ್ಯಾಲಯದಲ್ಲಿ ನೀತಿಶಾಸ್ತ್ರದ ಅಧ್ಯಾಪಕನಾಗಿದ್ದನು. ಮಗನಿಗೆ ಆರು ವರುಷವಾದಾಗ ಆತನು ತೀರಿಕೊಂಡನು. ವಿಧವೆಯಾದ ತಾಯಿಯು ಮಗುವನ್ನು ಭಯಭಕ್ತಿಯಲ್ಲಿ ಸಾಕಿದಳು.

ತಂದೆಯು ಬಿಟ್ಟುಹೋದ ಆಸ್ತಿಯಲ್ಲಿ ದೊಡ್ಡದೆಂದರೆ ಪುಸ್ತಕಗಳು. ಆ ಕೋಣೆಗೆ ಮೊದಲು ಬೀಗ ಹಾಕಿತ್ತು. ಹುಡುಗನಿಗೆ ಎಲ್ಲಿಂದಲೋ ಲಿವಿ ಎಂಬ ರೋಮನ್ ಚರಿತ್ರಕಾರನ ಲ್ಯಾಟಿನ್ ಗ್ರಂಥವೊಂದು ಸಿಕ್ಕಿತು. ಅದರಲ್ಲಿ ಚಿತ್ರಗಳಿದ್ದವು. ಭಾಷೆಯು ಬಾರದಿದ್ದರೂ ಚಿತ್ರವನ್ನು ನೋಡಿ ಅದರ ಕೆಳಗಿನ ಮಾತಿಗೆ ಅರ್ಥವನ್ನು ಊಹಿಸುವದು, ಆ ಊಹೆಯಿಂದ ಮುಂದಿನ ಮಾತನ್ನು ಬಿಡಿಸುವದು, ಹೀಗೆ ಮಾಡುತ್ತಾ ಮಾಡುತ್ತಾ ಆತನು ಲ್ಯಾಟಿನ್ ಭಾಷೆಯನ್ನು ತಾನಾಗಿಯೇ ಕಲಿತುಕೊಂಡನು. ಇದನ್ನು ಕಂಡ ಉಪಾಧ್ಯಾಯನು ಸಂತೋಷಪಡಲಿಲ್ಲ. ದೊಡ್ಡವರ ಪುಸ್ತಕವನ್ನು ಚಿಕ್ಕವನ ಕೈಗೆ ಕೊಡುವದು ಅಪಾಯವೆಂದು ಮನೆಯವರಿಗೆ ದೂರು ಹೇಳಿದನು. ಅದೃಷ್ಟವಶಾತ್ ನೆರೆಯಲ್ಲಿದ್ದ, ನಾಲ್ಕು ದೇಶ ಕಂಡುಬಂದಿದ್ದ ಶ್ರೀಮಂತನೊಬ್ಬನು ಹುಡುಗನನ್ನು ಪರೀಕ್ಷಿಸಿ ನೋಡಿ, ತಂದೆಯ ಕೋಣೆಯ ಬೀಗವನ್ನು ತೆಗೆಯಿರಿ ಎಂದು ಮನೆಯವರಿಗೆ ಬುದ್ಧಿ ಹೇಳಿದನು. ಉಪಾಧ್ಯಾಯ ವೃತ್ತಿಯಲ್ಲಿರುವ ನಾವು ಈ ಭಾಗವನ್ನು ಎರಡು ಸಾರಿ ಓದತಕ್ಕದ್ದು.

ಹದಿನಾಲ್ಕನೆಯ ವಯಸ್ಸಿನಲ್ಲಿ ಲೈಬ್ನಿಟ್ಸನು ವಿಶ್ವವಿದ್ಯಾಲಯವನ್ನು ಸೇರಿದನು. ೧೬೬೬ರಲ್ಲಿ ಒಂದು ಚಿಕ್ಕ ಗ್ರಂಥವನ್ನು ಅಚ್ಚುಹಾಕಿಸಿದನು. ನಮ್ಮ ಸಕಲ ಶಬ್ದಗಳೂ ವರ್ಣಮಾಲೆಯ ಕೆಲವೇ ಅಕ್ಷರಗಳಿಂದ ಹುಟ್ಟುವ ಹಾಗೆ, ಮನುಷ್ಯನ ಸಕಲ ವಿಚಾರಗಳೂ ಕೆಲವೇ ಮೂಲವಿಚಾರಗಳ ಜೋಡಣೆಯಿಂದ ಹುಟ್ಟಿರಬೇಕೆಂಬದು ಅದರೊಳಗಿನ ಆಲೋಚನೆ. ಮೂಲವಿಚಾರಗಳಿಗೆ ತಕ್ಕ ಚಿಹ್ನೆಗಳನ್ನು ಕೊಟ್ಟುಬಿಟ್ಟರೆ, ಪಂಡಿತರು ವರುಷಗಟ್ಟಲೆ ವಾದಿಸುವ ವಿಷಯಗಳನ್ನು ಕೂಡುವ ಕಳೆಯುವ ಲೆಕ್ಕದಂತೆ ಮಾಡಿ ತೀರಿಸಿಬಿಡಬಹುದೆಂದು ಆತನು ಜೀವಮಾನವಿಡೀ ಆಶಿಸಿದನು. ಆ ಆಶೆಯು ಪೂರ್ಣವಾಗಿ ಕೈಗೂಡಲಿಲ್ಲ. ಆದರೆ ಚಿಹ್ನೆಯು ಚೆನ್ನಾಗಿದ್ದರೆ ಅರ್ಧ ಕೆಲಸವನ್ನು ಅದೇ ಮಾಡುವದೆಂಬ ನಂಬಿಕೆಯು ಆತನಲ್ಲಿ ಬೇರೂರಿತು. ಮುಂದೆ ಆದದ್ದೆಲ್ಲಾ ಆ ಬೇರಿನಿಂದ ಆದದ್ದೇ.

ನ್ಯಾಯಶಾಸ್ತ್ರದಲ್ಲಿ ಡಾಕ್ಟರ್ ಪದವಿಯನ್ನು ಲೈಪ್‌ಜಿಗಿನವರು ಆತನಿಗೆ ಕೊಡಲಿಲ್ಲ. ವಯಸ್ಸು ಸಾಲದೆಂಬದೇ ಕಾರಣವೆಂದು ಹೇಳುತ್ತಾರೆ. ಆತನು ಹುಟ್ಟೂರನ್ನು ಬಿಟ್ಟು ಆಲ್ಟ್‌ಡಾರ್ಫ್ ವಿಶ್ವವಿದ್ಯಾಲಯಕ್ಕೆ ಹೋಗಿ ೧೬೬೭ರಲ್ಲಿ ಆ ಪದವಿಯನ್ನು ಪಡೆದನು. ಅಲ್ಲಿ ಅಧ್ಯಾಪಕನಾಗಿರೆಂದು ಕೇಳಿಕೊಂಡರೂ ಒಪ್ಪದೆ, ಮೈಂಟ್ಸ್ ಸಂಸ್ಥಾನದ ಪ್ರಭುವಿನ ಸೇವೆಗೆ ಸೇರಿದನು. ೧೬೭೨ರಲ್ಲಿ ರಾಜಕಾರ್ಯದ ನಿಮಿತ್ತ ಪ್ಯಾರಿಸ್ ನಗರಕ್ಕೆ ಕಳುಹಿಸಲ್ಪಟ್ಟನು. ಫ್ರೆಂಚ್ ದೊರೆಯಾದ ಹದಿನಾಲ್ಕನೆಯ ಲೂಯಿಯ ಸೈನ್ಯವನ್ನು ಜರ್ಮನಿಯ ಕಡೆಗೆ ಬಾರದಂತೆ ಈಜಿಪ್ಟಿನ ಕಡೆಗೆ ತಿರುಗಿಸಬೇಕೆಂಬದು ಆ ಕಾರ್ಯ. ಅದು ಕೂಡಿಬರಲಿಲ್ಲ. ಆದರೆ ಪ್ಯಾರಿಸಿನಲ್ಲಿ ಕ್ರಿಸ್ಟಿಯಾನ್ ಹೈಗೆನ್ಸ್ ಎಂಬ ಮಹಾ ಗಣಿತಜ್ಞನ ಪರಿಚಯವಾಯಿತು. ಆಗ ಲೈಬ್ನಿಟ್ಸನಿಗೆ ಇಪ್ಪತ್ತಾರು ವರುಷ. ಆ ಕಾಲದ ಉನ್ನತ ಗಣಿತದಲ್ಲಿ ಆತನಿಗೆ ತಿಳಿದಿದ್ದು ಬಹು ಕೊಂಚ. ಗಣಿತದಲ್ಲಿ ನಾನು ಹಿಂದೆ ಬಿದ್ದೆ, ಇನ್ನು ಆಗದು ಎಂದು ಹದಿನೈದನೆಯ ವಯಸ್ಸಿಗೇ ನನ್ನ ಬಳಿಗೆ ಅಳುತ್ತಾ ಬರುವವರು ಈ ಸಂಖ್ಯೆಯನ್ನು ಗಮನಿಸಿರಿ.

ಹೈಗೆನ್ಸನು ಹೊಸಬನನ್ನು ಪರೀಕ್ಷಿಸಲು ಒಂದು ಲೆಕ್ಕವನ್ನು ಕೊಟ್ಟನು. ಹುಣಿಸೇಬೀಜಗಳನ್ನು ತ್ರಿಕೋನವಾಗಿ ಜೋಡಿಸುತ್ತಾ ಹೋದರೆ ೧, ೩, ೬, ೧೦, ೧೫ ಹೀಗೆ ಸಂಖ್ಯೆಗಳು ಬರುವವಷ್ಟೆ. ಒಂದು, ಮೂರರಲ್ಲೊಂದು, ಆರರಲ್ಲೊಂದು, ಹತ್ತರಲ್ಲೊಂದು, ಈ ಭಿನ್ನರಾಶಿಗಳನ್ನು ಕೊನೆಯಿಲ್ಲದೆ ಕೂಡುತ್ತಾ ಹೋದರೆ ಮೊತ್ತವೆಷ್ಟು? ಲೈಬ್ನಿಟ್ಸನು ಒಂದೊಂದನ್ನೂ ಎರಡು ಸಂಖ್ಯೆಗಳ ವ್ಯತ್ಯಾಸವಾಗಿ ಬರೆದನು. ಒಂದೆಂದರೆ ೨ರಲ್ಲಿ ೧ ಕಳೆದದ್ದು. ೧/೩ ಎಂದರೆ ೧ರಲ್ಲಿ ೨/೩ ಕಳೆದದ್ದು. ೧/೬ ಎಂದರೆ ೨/೩ರಲ್ಲಿ ೧/೨ ಕಳೆದದ್ದು. ೧/೧೦ ಎಂದರೆ ೧/೨ರಲ್ಲಿ ೨/೫ ಕಳೆದದ್ದು. ಈಗ ಕೂಡಿ ನೋಡಿರಿ: ಒಂದು ಸಾಲಿನಲ್ಲಿ ಕಳೆದದ್ದು ಮುಂದಿನ ಸಾಲಿನಲ್ಲಿ ಕೂಡಿಕೊಂಡು ವಜಾ ಆಗಿಹೋಗುವದು. ಉಳಿಯುವದು ಮೊದಲಿನ ೨ ಮಾತ್ರ. ಮೊತ್ತವೇ ಎರಡು. ಕೂಡುವದೂ ವ್ಯತ್ಯಾಸವನ್ನು ತೆಗೆಯುವದೂ ಒಂದನ್ನೊಂದು ಅಳಿಸಿಹಾಕುವ ಕ್ರಿಯೆಗಳೆಂಬದು ಆತನ ಮನಸ್ಸಿನಲ್ಲಿ ಗಟ್ಟಿಯಾಗಿ ಕೂತದ್ದು ಇಂಥಾ ಲೆಕ್ಕಗಳಿಂದ.

ಇದೇ ಕಾಲದಲ್ಲಿ ಆತನು ಯಂತ್ರದ ಕೆಲಸಕ್ಕೂ ಕೈಹಾಕಿದ್ದನು. ಅದಕ್ಕೆ ಮುಂಚೆ, ೧೬೪೨ರಲ್ಲಿ, ಫ್ರಾನ್ಸಿನ ಬ್ಲೇಸ್ ಪ್ಯಾಸ್ಕಲನು ತೆರಿಗೆಯ ಲೆಕ್ಕದಲ್ಲಿ ಬಳಲುತ್ತಿದ್ದ ತನ್ನ ತಂದೆಗಾಗಿ ಕೂಡುವ ಕಳೆಯುವ ಯಂತ್ರವೊಂದನ್ನು ಕಲ್ಪಿಸಿದ್ದನು. ಗುಣಿಸುವ ಭಾಗಿಸುವ ಯಂತ್ರವು ಬೇಕೆಂದು ಲೈಬ್ನಿಟ್ಸನಿಗೆ ತೋರಿತು. ಗ್ರಹಗತಿಯನ್ನು ಎಣಿಸುವ ಪಂಡಿತರು ತಮ್ಮ ಆಯುಷ್ಯವನ್ನು ಗುಣಾಕಾರದಲ್ಲಿ ಸವೆಸುವದನ್ನು ಕಂಡು ಆತನು ಮರುಗುತ್ತಿದ್ದನು. ಅವನ ಯಂತ್ರದ ಜೀವಾಳವು ಒಂದು ಹಿತ್ತಾಳೆಯ ಉರುಳೆ. ಅದರ ಮೈಮೇಲೆ ಒಂಬತ್ತು ಹಲ್ಲುಗಳು. ಒಂದಕ್ಕಿಂತ ಒಂದು ಉದ್ದ, ಮೆಟ್ಟಲುಗಳ ಹಾಗೆ. ಪಕ್ಕದಲ್ಲಿ ಒಂದು ಚಿಕ್ಕ ಹಲ್ಲುಚಕ್ರ. ಚಕ್ರವನ್ನು ಉರುಳೆಯ ಒಂದು ತುದಿಯ ಕಡೆಗೆ ಸರಿಸಿದರೆ ಮೂರೇ ಹಲ್ಲುಗಳು ಅದಕ್ಕೆ ತಗಲುವವು. ಇನ್ನಷ್ಟು ಸರಿಸಿದರೆ ಏಳು ತಗಲುವವು. ಹಿಡಿಯನ್ನು ಒಂದು ಸುತ್ತು ತಿರುಗಿಸಿದರೆ ಆ ಸಂಖ್ಯೆಯು ಒಂದು ಸಾರಿ ಕೂಡುವದು. ಐದು ಸುತ್ತು ತಿರುಗಿಸಿದರೆ ಐದರಿಂದ ಗುಣಿಸಿದಂತಾಗುವದು. ಹತ್ತರ ಸ್ಥಾನದಿಂದ ಗುಣಿಸಬೇಕಾದರೆ ಯಂತ್ರದ ಒಂದು ಭಾಗವನ್ನು ಒಂದು ಮನೆ ಪಕ್ಕಕ್ಕೆ ಸರಿಸುವದು. ನಾವು ಕಾಗದದ ಮೇಲೆ ಮಾಡುವದೂ ಇದೇ ಅಲ್ಲವೇ?

೧೬೭೩ರ ಆರಂಭದಲ್ಲಿ ಲಂಡನ್ ನಗರಕ್ಕೆ ಹೋಗಿ ಅಲ್ಲಿನ ರಾಯಲ್ ಸೊಸೈಟಿಯ ವಿದ್ವಾಂಸರ ಮುಂದೆ ಈ ಯಂತ್ರವನ್ನಿಟ್ಟನು. ಅದು ಇನ್ನೂ ಮುಗಿದಿರಲಿಲ್ಲ; ದಶಕವನ್ನು ಮುಂದಿನ ಸ್ಥಾನಕ್ಕೆ ಒಯ್ಯುವ ಕೆಲಸದಲ್ಲಿ ಅದು ತೊಡರುತ್ತಿತ್ತು. ರಾಬರ್ಟ್ ಹುಕ್ ಎಂಬವನು ಅದನ್ನು ಕಠಿಣವಾಗಿ ಟೀಕಿಸಿದನು. ಅದೇ ಪ್ರಯಾಣದಲ್ಲಿ ಮತ್ತೊಂದು ಅವಮಾನವೂ ಕಾದಿತ್ತು. ತಾನು ಹೊಸದಾಗಿ ಕಂಡುಹಿಡಿದೆನೆಂದು ಆತನು ಹೇಳಿದ ಒಂದು ವಿಧಾನವು ಆಗಲೇ ಅಚ್ಚಾದ ಪುಸ್ತಕದಲ್ಲಿದೆಯೆಂದು ಜಾನ್ ಪೆಲ್ ಎಂಬ ಗಣಿತಜ್ಞನು ತೋರಿಸಿಕೊಟ್ಟನು. ಆದರೂ ಸೊಸೈಟಿಯವರು ಆ ವರುಷವೇ ಆತನನ್ನು ಸದಸ್ಯನಾಗಿ ಆರಿಸಿಕೊಂಡರು. ಲೈಬ್ನಿಟ್ಸನು ಪ್ಯಾರಿಸಿಗೆ ಹಿಂತಿರುಗಿ, ತನಗೆ ತಿಳಿಯದ್ದು ಎಷ್ಟೆಂಬದನ್ನು ಅರಿತವನಾಗಿ, ಹೈಗೆನ್ಸನು ಹೇಳಿದ ಗ್ರಂಥಗಳನ್ನು ಹಟ ಹಿಡಿದು ಓದಿದನು.

ಆ ವ್ಯಾಸಂಗದ ಫಲಗಳಲ್ಲಿ ಒಂದನ್ನು ನಾವು ದಕ್ಷಿಣ ದೇಶದವರು ವಿಶೇಷವಾಗಿ ಗಮನಿಸಬೇಕು. ಒಂದರಲ್ಲಿ ೧/೩ ಕಳೆದು, ೧/೫ ಕೂಡಿ, ೧/೭ ಕಳೆದು, ಹೀಗೆ ಕೊನೆಯಿಲ್ಲದೆ ನಡೆದರೆ ಪೈ ಎಂಬ ಸಂಖ್ಯೆಯ ಕಾಲುಭಾಗವು ಬರುವದೆಂದು ಆತನು ಕಂಡುಕೊಂಡನು. ಆ ಶ್ರೇಢಿಗೆ ಲೈಬ್ನಿಟ್ಸನ ಹೆಸರೇ ನಿಂತಿತು. ಆದರೆ ನಮ್ಮ ನೆರೆಯ ಕೇರಳದಲ್ಲಿ, ಹದಿನಾಲ್ಕನೆಯ ಶತಮಾನದ ಸಂಗಮಗ್ರಾಮದ ಮಾಧವನ ಶಿಷ್ಯಪರಂಪರೆಯವರು ಇದನ್ನು ಆತನಿಗೆ ಮುಂಚೆಯೇ ಬಲ್ಲವರಾಗಿದ್ದರು. ಮಲೆಯಾಳ ಭಾಷೆಯ ಯುಕ್ತಿಭಾಷಾ ಎಂಬ ಗ್ರಂಥದಲ್ಲಿ ಅದರ ಸಾಧನೆಯು ವಿವರವಾಗಿ ಬರೆಯಲ್ಪಟ್ಟಿದೆ. ಈಗ ಅನೇಕರು ಅದನ್ನು ಇಬ್ಬರ ಹೆಸರಿನಿಂದಲೂ ಕರೆಯುತ್ತಾರೆ.

ಈಗ ಅನುಕಲನಕ್ಕೆ ಬರುವೆವು. ಒಂದು ಹೊಲದ ಮೂರು ಬದಿಗಳು ನೆಟ್ಟಗಿದ್ದು, ನಾಲ್ಕನೆಯ ಬದಿಯು ಹಳ್ಳದ ದಂಡೆಯಂತೆ ಬಳುಕಿಕೊಂಡಿದೆಯೆಂದು ಎಣಿಸಿರಿ. ಅದರ ವಿಸ್ತೀರ್ಣವನ್ನು ಉದ್ದ ಅಗಲಗಳನ್ನು ಗುಣಿಸಿ ಹೇಳಲಾಗದು. ಆದರೆ ಹೊಲವನ್ನು ಬಹಳ ಕಿರಿದಾದ ಪಟ್ಟಿಗಳಾಗಿ ಸೀಳಿದರೆ ಒಂದೊಂದು ಪಟ್ಟಿಯೂ ಹೆಚ್ಚು ಕಡಿಮೆ ಆಯತವೇ. ಎಲ್ಲಾ ಪಟ್ಟಿಗಳನ್ನು ಕೂಡಿದರೆ ಹೊಲದ ವಿಸ್ತೀರ್ಣವು ಬರುವದು. ಪಟ್ಟಿಗಳು ಕಿರಿದಾದಷ್ಟೂ ಲೆಕ್ಕವು ನಿಜಕ್ಕೆ ಹತ್ತಿರವಾಗುವದು. ಈ ಕೂಡುವಿಕೆಯನ್ನು ಹಿಂದಿನವರು ಮಾತುಗಳಲ್ಲಿ ಬರೆಯುತ್ತಿದ್ದರು. ಲೈಬ್ನಿಟ್ಸನೂ ಎಲ್ಲಾ ಎಂಬರ್ಥದ ಲ್ಯಾಟಿನ್ ಪದವನ್ನು ಮೊಟಕುಮಾಡಿ ಬರೆಯುತ್ತಿದ್ದನು. ೧೬೭೫ನೇ ಇಸವಿ ಅಕ್ಟೋಬರ್ ೨೯ರಲ್ಲಿ ಬರೆದ ಒಂದು ಕಾಗದದಲ್ಲಿ ಆ ಪದವನ್ನು ಬಿಟ್ಟು, ಮೊತ್ತವೆಂಬರ್ಥದ ಸುಮ್ಮ ಎಂಬ ಲ್ಯಾಟಿನ್ ಪದದ ಮೊದಲಕ್ಷರವಾದ ಎಸ್ ಅನ್ನು ನೀಳವಾಗಿ ಎಳೆದು ಬರೆದನು. ಪಿಟೀಲಿನ ಮೇಲ್ಹಲಗೆಯಲ್ಲಿ ಕೊರೆದ ಸೀಳಿನಂತೆ ಕಾಣುವ ಅನುಕಲನ ಚಿಹ್ನೆಯು ಹುಟ್ಟಿದ್ದು ಹೀಗೆ. ಕೆಲವು ದಿನಗಳಲ್ಲಿಯೇ, ಪಟ್ಟಿಯ ಆ ಅತಿ ಕಿರಿದಾದ ಅಗಲಕ್ಕೆ, ಅಂದರೆ ವ್ಯತ್ಯಾಸಕ್ಕೆ, ಡಿ ಎಂಬ ಅಕ್ಷರವನ್ನು ಗೊತ್ತುಮಾಡಿದನು. ಹೈಗೆನ್ಸನ ಲೆಕ್ಕದಲ್ಲಿ ಕೂಡುವದೂ ಕಳೆಯುವದೂ ಒಂದನ್ನೊಂದು ಅಳಿಸಿದಂತೆ, ಇಲ್ಲಿಯೂ ನೀಳವಾದ ಎಸ್ ಕಟ್ಟಿದ್ದನ್ನು ಡಿ ಬಿಚ್ಚುವದು. ಅನುಕಲನದ ಉತ್ತರವು ಸರಿಯೋ ಎಂದು ತಿಳಿಯಬೇಕಾದರೆ ಅದನ್ನು ಅವಕಲನ ಮಾಡಿ ನೋಡಬೇಕೆಂಬ ಸೂತ್ರವು ಆ ಎರಡು ಅಕ್ಷರಗಳಲ್ಲಿಯೇ ಅಡಗಿದೆ.

ಇಲ್ಲಿ ಒಂದು ಸಂಗತಿಯನ್ನು ಹೇಳದೆ ಇರಲಾರೆನು. ಎರಡು ರಾಶಿಗಳ ಗುಣಲಬ್ಧವನ್ನು ಅವಕಲನ ಮಾಡುವಾಗ, ಒಂದೊಂದನ್ನು ಬೇರೆಬೇರೆಯಾಗಿ ಅವಕಲನ ಮಾಡಿ ಗುಣಿಸಿಬಿಡುವ ತಪ್ಪನ್ನು ಪಿ.ಯು. ತರಗತಿಯಲ್ಲಿ ಅನೇಕರು ಮಾಡುತ್ತಾರಂತೆ. ಆ ನವೆಂಬರ್ ತಿಂಗಳಲ್ಲಿ ಲೈಬ್ನಿಟ್ಸನು ಬರೆದ ಕಾಗದವೊಂದರಲ್ಲಿ ಇದೇ ಪ್ರಶ್ನೆಯಿದೆ: ಹಾಗೆ ಮಾಡಬಹುದೋ? ಆತನು ಒಂದು ಉದಾಹರಣೆಯನ್ನು ತೆಗೆದುಕೊಂಡು ಮಾಡಿ ನೋಡಿ, ಆಗದೆಂದು ಕಂಡು, ಆಮೇಲೆ ಸರಿಯಾದ ನಿಯಮವನ್ನು ಪಡೆದನು. ಚಿಹ್ನೆಯನ್ನು ಹುಟ್ಟಿಸಿದವನಿಗೇ ಬಂದ ಸಂಶಯವು ನಿಮಗೆ ಬಂದರೆ ನಾಚಿಕೆಯೇನು? ಮಾಡಿ ನೋಡದೆ ಬಿಡಬೇಡಿರಿ, ಅಷ್ಟೇ.

೧೬೭೬ರ ಕೊನೆಯಲ್ಲಿ ಆತನು ಹ್ಯಾನೋವರ್ ಸಂಸ್ಥಾನದಲ್ಲಿ ಪುಸ್ತಕಭಂಡಾರದ ಅಧಿಕಾರಿಯೂ ಆಸ್ಥಾನದ ಸಲಹೆಗಾರನೂ ಆಗಿ ನೆಲೆಸಿದನು. ಉಳಿದ ನಾಲ್ವತ್ತು ವರುಷ ಅಲ್ಲೇ ಸೇವೆ. ಹಾರ್ಟ್ಸ್ ಬೆಟ್ಟದ ಬೆಳ್ಳಿಯ ಗಣಿಗಳಿಂದ ಗಾಳಿಯಂತ್ರಗಳ ಮೂಲಕ ನೀರೆತ್ತಲು ವರುಷಗಟ್ಟಲೆ ಪ್ರಯತ್ನಪಟ್ಟು ಸೋತನು. ಪ್ರಭುವಿನ ವಂಶದ ಚರಿತ್ರೆಯನ್ನು ಬರೆಯುವ ಭಾರವು ಬಿತ್ತು; ಅದಕ್ಕಾಗಿ ಇಟಲಿಯ ವರೆಗೂ ಸುತ್ತಾಡಿ ಕಾಗದಪತ್ರಗಳನ್ನು ಹುಡುಕಿದನು. ಆದರೂ ಸಾಯುವಷ್ಟರಲ್ಲಿ ಕ್ರಿ.ಶ. ೧೦೦೫ನೇ ವರುಷದ ವರೆಗೆ ಮಾತ್ರ ಆ ಚರಿತ್ರೆಯು ಬಂದಿತ್ತು. ಒಪ್ಪಿಕೊಂಡ ಕೆಲಸಗಳು ಬಹಳ, ಮುಗಿದವು ಕೆಲವು. ಇದು ಆತನಲ್ಲಿದ್ದ ದೋಷವೆಂದೇ ನಾನು ಎಣಿಸುತ್ತೇನೆ. ಕ್ಯಾಲ್ಕುಲಸನ್ನೂ ಒಂಬತ್ತು ವರುಷ ಪೆಟ್ಟಿಗೆಯಲ್ಲಿಟ್ಟುಕೊಂಡಿದ್ದನು. ಅವಕಲನದ ವಿಷಯವನ್ನು ೧೬೮೪ರಲ್ಲಿಯೂ ಅನುಕಲನದ ವಿಷಯವನ್ನು ೧೬೮೬ರಲ್ಲಿಯೂ ಲೈಪ್‌ಜಿಗಿನ ಪಂಡಿತ ಪತ್ರಿಕೆಯಲ್ಲಿ ಪ್ರಕಟಿಸಿದನು. ಸ್ವಿಟ್ಸರ್ಲೆಂಡಿನ ಬರ್ನೂಲಿ ಸಹೋದರರು ಅದನ್ನು ಓದಿ ಬಿಡಿಸಿ ಬೆಳೆಸಿದರು. ಇಂಟಿಗ್ರಲ್ ಎಂಬ ಹೆಸರು ೧೬೯೦ರಲ್ಲಿ ಯಾಕೋಬ್ ಬರ್ನೂಲಿಯ ಲೇಖನದಿಂದ ಬಂತು.

ಒಂದು ಮತ್ತು ಸೊನ್ನೆ ಈ ಎರಡೇ ಅಂಕಿಗಳಿಂದ ಎಲ್ಲಾ ಸಂಖ್ಯೆಗಳನ್ನು ಬರೆಯುವ ಕ್ರಮವನ್ನು ಆತನು ೧೬೭೯ರಲ್ಲಿ ವಿವರಿಸಿ ಬರೆದು, ೧೭೦೩ರಲ್ಲಿ ಅಚ್ಚುಮಾಡಿಸಿದನು. ದೇವರು ಶೂನ್ಯದಿಂದ ಸಕಲವನ್ನೂ ಉಂಟುಮಾಡಿದ್ದಕ್ಕೆ ಇದು ಒಳ್ಳೇ ಸಾದೃಶ್ಯವೆಂದು ಆತನಿಗೆ ಬಹಳ ಸಂತೋಷವಾಗಿತ್ತು. ಅದನ್ನು ಕೆತ್ತಿದ ಪದಕವೊಂದನ್ನು ಮಾಡಿಸಬೇಕೆಂದು ೧೬೯೭ರಲ್ಲಿ ಒಬ್ಬ ಪ್ರಭುವಿಗೆ ಪತ್ರ ಬರೆದನು. ಇಂದು ನಮ್ಮ ಫೋನಿನೊಳಗಿನ ಸಮಸ್ತ ಲೆಕ್ಕವೂ ಆ ಎರಡು ಅಂಕಿಗಳಲ್ಲಿಯೇ ನಡೆಯುತ್ತದೆ.

ನಮ್ಮ ಶಾಲೆಯ ಮಕ್ಕಳಿಗಾಗಿ ಇನ್ನೊಂದು ವಿಷಯವನ್ನು ಸ್ವಲ್ಪ ನಿಂತು ಹೇಳುವೆನು. ಈ ಪಂಡಿತನ ಮಾತನ್ನು ಆಸ್ಥಾನದಲ್ಲಿ ಮನಸ್ಸಿಟ್ಟು ಕೇಳುತ್ತಿದ್ದವರು ಹೆಚ್ಚಾಗಿ ಸ್ತ್ರೀಯರು. ಹ್ಯಾನೋವರಿನ ಸೋಫಿಯಾ ರಾಣಿಯೂ, ಪ್ರಷ್ಯಾ ದೇಶದ ರಾಣಿಯಾದ ಆಕೆಯ ಮಗಳು ಸೋಫಿಯಾ ಶಾರ್ಲಟ್ಟಳೂ ಆತನೊಡನೆ ಗಹನವಾದ ವಿಷಯಗಳನ್ನು ಚರ್ಚಿಸುತ್ತಿದ್ದರು. ೧೭೧೦ರಲ್ಲಿ ಅಚ್ಚಾದ ಆತನ ದೊಡ್ಡ ಗ್ರಂಥವು ಶಾರ್ಲಟ್ ರಾಣಿಯೊಡನೆ ನಡೆದ ಸಂಭಾಷಣೆಗಳಿಂದ ಬೆಳೆದದ್ದು. ಆಕೆಯ ಸಹಾಯದಿಂದ ೧೭೦೦ರಲ್ಲಿ ಬರ್ಲಿನ್ ನಗರದಲ್ಲಿ ವಿಜ್ಞಾನ ಸಂಘವು ಸ್ಥಾಪಿತವಾಗಿ ಲೈಬ್ನಿಟ್ಸನು ಅದರ ಮೊದಲನೆಯ ಅಧ್ಯಕ್ಷನಾದನು. ಪಂಚಾಂಗವನ್ನು ಅಚ್ಚುಹಾಕಿ ಮಾರುವ ಹಕ್ಕೇ ಆ ಸಂಘದ ಆದಾಯ. ಅದಕ್ಕೆ ಬೇಕಾದ ಗಣನೆಯನ್ನು ಗಾಟ್‌ಫ್ರೀಡ್ ಕಿರ್ಖ್ ಎಂಬ ಜ್ಯೋತಿರ್ವಿದನೂ ಆತನ ಹೆಂಡತಿಯಾದ ಮರಿಯಾ ವಿಂಕಲ್‌ಮಾನಳೂ ಮಾಡುತ್ತಿದ್ದರು. ಮರಿಯಾಳು ೧೭೦೨ರಲ್ಲಿ ಹೊಸ ಧೂಮಕೇತುವೊಂದನ್ನು ಕಂಡುಹಿಡಿದವಳು. ೧೭೧೦ರಲ್ಲಿ ಗಂಡನು ತೀರಿಕೊಂಡ ಮೇಲೆ, ತಾನು ಅದುವರೆಗೆ ಮಾಡುತ್ತಿದ್ದ ಪಂಚಾಂಗದ ಕೆಲಸವನ್ನು ತನಗೇ ಕೊಡಬೇಕೆಂದು ಬಿನ್ನಹ ಮಾಡಿಕೊಂಡಳು. ಲೈಬ್ನಿಟ್ಸನು ಆಕೆಯ ಪಕ್ಷವಾಗಿ ಮಾತಾಡಿದನು. ಸಂಘದ ಇತರರು ಒಪ್ಪಲಿಲ್ಲ. ಹೆಂಗಸಿಗೆ ಅಂಥಾ ಹುದ್ದೆಯನ್ನು ಕೊಟ್ಟರೆ ಜನರು ನಗುವರೆಂಬ ಭಯವು ಅವರಿಗೆ. ಆಕೆಗೆ ಒಂದು ಪದಕವನ್ನು ಕೊಟ್ಟು ಕಳುಹಿಸಿದರು. ಪದಕದಿಂದ ಮಕ್ಕಳ ಹೊಟ್ಟೆಯು ತುಂಬೀತೇ?

ಆತನ ಕಡೆಯ ವರುಷಗಳು ಕಹಿಯಾದವು. ಇಂಗ್ಲೆಂಡಿನ ಐಸಾಕ್ ನ್ಯೂಟನನು ೧೬೬೫ ಮತ್ತು ೧೬೬೬ರಲ್ಲಿಯೇ ಈ ಶಾಸ್ತ್ರವನ್ನು ತನ್ನದೇ ರೀತಿಯಲ್ಲಿ ಕಂಡುಕೊಂಡಿದ್ದನು, ಆದರೆ ಪ್ರಕಟಿಸಿರಲಿಲ್ಲ. ೧೬೭೬ರಲ್ಲಿ ಇಬ್ಬರಿಗೂ ಪತ್ರವ್ಯವಹಾರವು ನಡೆದದ್ದುಂಟು. ಅದನ್ನೇ ಹಿಡಿದುಕೊಂಡು ನ್ಯೂಟನನ ಅನುಯಾಯಿಗಳು ಲೈಬ್ನಿಟ್ಸನನ್ನು ವಿದ್ಯಾಚೋರನೆಂದು ದೂಷಿಸಿದರು. ಆತನು ನ್ಯಾಯವನ್ನು ಬೇಡಿ ರಾಯಲ್ ಸೊಸೈಟಿಗೆ ದೂರಿತ್ತನು. ಆಗ ಆ ಸೊಸೈಟಿಯ ಅಧ್ಯಕ್ಷನು ಯಾರು? ನ್ಯೂಟನನೇ. ೧೭೧೨ರಲ್ಲಿ ನೇಮಿಸಿದ ಸಮಿತಿಯು ಲೈಬ್ನಿಟ್ಸನನ್ನು ಕರೆದು ವಿಚಾರಿಸದೆ ಆತನಿಗೆ ವಿರೋಧವಾಗಿ ತೀರ್ಪಿತ್ತಿತು. ಆ ವರದಿಯನ್ನು ಸಿದ್ಧಪಡಿಸಿದವನು ಸ್ವತಃ ನ್ಯೂಟನನೇ ಎಂದು ಆಮೇಲೆ ಹೊರಬಿತ್ತು. ಇಬ್ಬರೂ ಬೇರೆಬೇರೆಯಾಗಿಯೇ ಕಂಡುಹಿಡಿದರೆಂದೂ, ಕಂಡದ್ದರಲ್ಲಿ ನ್ಯೂಟನನೂ ಪ್ರಕಟಿಸಿದ್ದರಲ್ಲಿ ಲೈಬ್ನಿಟ್ಸನೂ ಮುಂಚಿನವರೆಂದೂ ಇಬ್ಬರ ಹಸ್ತಪ್ರತಿಗಳನ್ನು ಶೋಧಿಸಿದ ವಿದ್ವಾಂಸರು ಈಗ ಒಪ್ಪಿದ್ದಾರೆ. ಈ ಒಪ್ಪಿಗೆಯು ಆತನ ಕಿವಿಗೆ ಬೀಳಲಿಲ್ಲ.

ಸೋಫಿಯಾ ರಾಣಿಯು ೧೭೧೪ರಲ್ಲಿ ಕಾಲವಾದಳು. ಅದೇ ವರುಷ ಆಕೆಯ ಮಗನು ಒಂದನೆಯ ಜಾರ್ಜ್ ಎಂಬ ಹೆಸರಿನಿಂದ ಇಂಗ್ಲೆಂಡಿನ ಅರಸನಾಗಿ ಲಂಡನಿಗೆ ಹೋದನು. ಲೈಬ್ನಿಟ್ಸನಿಗೆ ಮಾತ್ರ ಹ್ಯಾನೋವರಿನಲ್ಲಿಯೇ ಇದ್ದು ವಂಶಚರಿತ್ರೆಯನ್ನು ಮುಗಿಸಬೇಕೆಂದು ಅಪ್ಪಣೆಯಾಯಿತು. ವಾತರೋಗದಿಂದ ನರಳುತ್ತಾ ೧೭೧೬ನೇ ಇಸವಿ ನವೆಂಬರ್ ೧೪ರಲ್ಲಿ, ತನ್ನ ಎಪ್ಪತ್ತನೆಯ ವಯಸ್ಸಿನಲ್ಲಿ, ತೀರಿಕೊಂಡನು. ಹೆಂಡತಿ ಮಕ್ಕಳಿರಲಿಲ್ಲ. ಸಮಾಧಿಯ ದಿನ ಆತನ ಕಾರ್ಯದರ್ಶಿಯು ಬಂದಿದ್ದನು, ಅರಮನೆಯವರು ಬರಲಿಲ್ಲ. ಲಂಡನಿನ ಸೊಸೈಟಿಯೂ, ಆತನೇ ಸ್ಥಾಪಿಸಿದ ಬರ್ಲಿನಿನ ಸಂಘವೂ ಸುಮ್ಮನಿದ್ದವು. ಆತನ ಸ್ಮರಣೆಗಾಗಿ ಮಾತಾಡಿದ್ದು ಪ್ಯಾರಿಸಿನ ಅಕಾಡೆಮಿ ಒಂದೇ. ಐವತ್ತು ವರುಷಗಳಿಗೂ ಹೆಚ್ಚು ಕಾಲ ಆ ಸಮಾಧಿಯ ಮೇಲೆ ಹೆಸರೂ ಇರಲಿಲ್ಲ.

ಚಿಹ್ನೆಯು ಮಾತ್ರ ಉಳಿಯಿತು. ಯೂರೋಪು ಖಂಡದ ಗಣಿತಜ್ಞರು ಲೈಬ್ನಿಟ್ಸನ ಬರವಣಿಗೆಯನ್ನು ಹಿಡಿದು ಮುಂದೆ ಹೋದರು. ಇಂಗ್ಲಿಷರು ಸ್ವದೇಶಾಭಿಮಾನದಿಂದ ನ್ಯೂಟನನ ಚುಕ್ಕೆಗಳನ್ನೇ ಇಡುತ್ತಾ ಸುಮಾರು ನೂರು ವರುಷ ಹಿಂದುಳಿದರು. ೧೮೧೨ರಲ್ಲಿ ಕೇಂಬ್ರಿಜಿನ ಕೆಲವು ತರುಣರು ಒಂದು ಸಂಘವನ್ನು ಕಟ್ಟಿ ಲೈಬ್ನಿಟ್ಸನ ಚಿಹ್ನೆಗಳನ್ನು ತಮ್ಮ ದೇಶಕ್ಕೆ ತಂದರು. ಅವರಲ್ಲಿ ಒಬ್ಬನು ಚಾರ್ಲ್ಸ್ ಬ್ಯಾಬೇಜ್. ಇಂದಿನ ಕಂಪ್ಯೂಟರಿಗೆ ಪೂರ್ವಜನೆ�ನಿಸುವ ಯಂತ್ರವನ್ನು ಮುಂದೆ ಯೋಜಿಸಿದವನು ಇವನೇ. ಮೆಟ್ಟಲು ಹಲ್ಲಿನ ಉರುಳೆಯೂ ಸಾಯಲಿಲ್ಲ. ೧೮೨೦ರಲ್ಲಿ ಫ್ರಾನ್ಸಿನಲ್ಲಿ ಹಕ್ಕುಪತ್ರ ಪಡೆದ ಅರಿತ್ಮೋಮೀಟರ್ ಎಂಬ ಲೆಕ್ಕದ ಯಂತ್ರದೊಳಗೆ ತಿರುಗುತ್ತಿದ್ದದ್ದು ಅದೇ. ಲೈಬ್ನಿಟ್ಸನು ಮಾಡಿಸಿದ ಯಂತ್ರವೊಂದು ಗಟ್ಟಿಂಗೆನ್ ವಿಶ್ವವಿದ್ಯಾಲಯದ ಅಟ್ಟದ ಮೇಲೆ ಎಲ್ಲರೂ ಮರೆತು ಬಿದ್ದಿತ್ತು. ೧೮೭೯ರಲ್ಲಿ ಸೋರುತ್ತಿದ್ದ ಮಾಡನ್ನು ರಿಪೇರಿ ಮಾಡಲು ಹತ್ತಿದ ಕೆಲಸಗಾರರ ಕಣ್ಣಿಗೆ ಬಿತ್ತು. ಈಗ ಅದು ಹ್ಯಾನೋವರಿನಲ್ಲಿದೆ.

ಆ ಯಂತ್ರವು ಅಂಕಿಗಳನ್ನು ಮಾತ್ರ ಬಲ್ಲದು. ಚಿಹ್ನೆಗಳನ್ನೇ ಹಿಡಿದು ಅನುಕಲನ ಮಾಡುವದನ್ನು ಯಂತ್ರಕ್ಕೆ ಕಲಿಸಿದವರಲ್ಲಿ ಮೊದಲಿಗನು ಅಮೇರಿಕಾದ ಜೇಮ್ಸ್ ಸ್ಲೇಗಲ್. ಈತನು ಕಣ್ಣು ಕಾಣದವನು. ೧೯೬೧ರಲ್ಲಿ ಎಂ.ಐ.ಟಿ. ವಿದ್ಯಾಲಯದಲ್ಲಿ ಈತನು ರಚಿಸಿದ ಕಾರ್ಯಕ್ರಮವು ಮೊದಲನೆಯ ವರುಷದ ವಿದ್ಯಾರ್ಥಿಗಳಿಗೆ ಕೊಡುವಂಥ ಪರೀಕ್ಷೆಯ ಲೆಕ್ಕಗಳನ್ನು, ಅವರಂತೆಯೇ ಒಂದು ದಾರಿಯಾಗದಿದ್ದರೆ ಮತ್ತೊಂದನ್ನು ಹಿಡಿದು, ಬಿಡಿಸುತ್ತಿತ್ತು. ಬಳಿಕ ಗಣಿತಜ್ಞರು ಇನ್ನೂ ಬಲವಾದ ವಿಧಾನಗಳನ್ನು ಕಂಡುಹಿಡಿದರು. ೨೦೦೯ರಲ್ಲಿ ಅಂತರ್ಜಾಲದಲ್ಲಿ ವುಲ್ಫ್ರಮ್ ಆಲ್ಫಾ ತೆರೆಯಿತು. ಅಂಥಾದ್ದು ಈಗ ಇನ್ನೂ ಹಲವುಂಟು. ಲೆಕ್ಕವನ್ನು ಒತ್ತಿ ಕಳುಹಿಸಿದರೆ ಕ್ಷಣಮಾತ್ರದಲ್ಲಿ ಉತ್ತರ. ನಾನು ಇದನ್ನು ಬೇಡವೆನ್ನುವವಳಲ್ಲ. ಲೈಬ್ನಿಟ್ಸನು ಬದುಕಿದ್ದರೆ ಹಿಗ್ಗಿಹೋಗುತ್ತಿದ್ದನು. ಆದರೆ ಅದರ ಸ್ವಭಾವವನ್ನು ತಿಳಿದಿರಬೇಕು. ಒಂದನ್ನು ಎಕ್ಸ್ ಮತ್ತು ಒಂದರ ಮೊತ್ತದಿಂದ ಭಾಗಿಸಬೇಕಾದಲ್ಲಿ ಆವರಣ ಚಿಹ್ನೆಯನ್ನು ಮರೆತರೆ, ಅದು ಎಕ್ಸ್‌ನಿಂದ ಭಾಗಿಸಿ ಒಂದನ್ನು ಕೂಡಿಕೊಂಡು, ನೀವು ಕೇಳದೇ ಇದ್ದ ಲೆಕ್ಕಕ್ಕೆ ಸರಿಯಾದ ಉತ್ತರವನ್ನು ಕೊಡುವದು. ಕೆಲವು ಅನುಕಲನಗಳಿಗೆ ನಮಗೆ ಪರಿಚಿತವಾದ ಸೂತ್ರಗಳಲ್ಲಿ ಉತ್ತರವೇ ಇಲ್ಲವೆಂದು ೧೮೩೦ರ ದಶಕದಲ್ಲಿ ಫ್ರಾನ್ಸಿನ ಲಿಯೋವಿಲ್ ಎಂಬವನು ಸಾಧಿಸಿದ್ದಾನೆ. ಅಂಥಲ್ಲಿ ಯಂತ್ರವು ಬೇರೊಂದು ವಿಶೇಷ ಹೆಸರನ್ನು ಬರೆಯುವದು, ಇಲ್ಲವೆ ಪಟ್ಟಿಗಳನ್ನು ಕೂಡಿ ಅಂಕಿಯನ್ನು ಹೇಳುವದು. ಮತ್ತು ಒಂದೇ ಲೆಕ್ಕಕ್ಕೆ ಎರಡು ವೇಷದ ಉತ್ತರಗಳಿರಬಹುದು.

ನಮ್ಮ ಹುಡುಗಿಗೆ ಆದದ್ದು ಇದೇ. ಎರಡು ಉತ್ತರಗಳನ್ನೂ ನನ್ನ ಮುಂದೆಯೇ ಅವಕಲನ ಮಾಡು ಎಂದೆನು. ಮಾಡಿದಳು. ಎರಡರಿಂದಲೂ ಸೈನ್ ಎಕ್ಸ್ ಮತ್ತು ಕಾಸ್ ಎಕ್ಸ್‌ಗಳ ಗುಣಲಬ್ಧವೇ ಬಂತು. ಹಾಗಾದರೆ ಒಂದರಲ್ಲಿ ಇನ್ನೊಂದನ್ನು ಕಳೆದರೆ ಏನು ಉಳಿಯುವದೆಂದು ಕೇಳಿದೆನು. ಸೈನ್ ವರ್ಗವನ್ನೂ ಕಾಸ್ ವರ್ಗವನ್ನೂ ಕೂಡಿದರೆ ಒಂದೆಂಬದನ್ನು ಹತ್ತನೆಯ ತರಗತಿಯವರಾದ ನೀವೂ ಬಲ್ಲಿರಿ. ಇಲ್ಲಿ ಅವುಗಳ ಅರ್ಧವಾದ್ದರಿಂದ ಉಳಿಯುವದು ಬರೇ ಅರ್ಧ, ಎಕ್ಸ್ ಏನೇ ಆಗಿರಲಿ ಬದಲಾಗದ ಅರ್ಧ. ಯಂತ್ರವು ಉತ್ತರದ ಕೊನೆಯಲ್ಲಿ ಸ್ಥಿರಾಂಕವೊಂದನ್ನು ಬರೆದಿತ್ತು. ಅದನ್ನು ಅವಳು ಅಲಂಕಾರವೆಂದು ತಿಳಿದು ಬಿಟ್ಟಿದ್ದಳು. ಆ ಅರ್ಧವು ಕೂತಿದ್ದದ್ದು ಅದರೊಳಗೆ.

ಅವಳು ಸ್ವಲ್ಪ ಹೊತ್ತು ಪುಸ್ತಕವನ್ನೇ ನೋಡುತ್ತಿದ್ದು, ಆಮೇಲೆ ಪೆನ್ನು ತೆಗೆದು, ಯಂತ್ರದ ಉತ್ತರವನ್ನು ಹೊಡೆಯದೆ ಹಾಗೆಯೇ ಬಿಟ್ಟು, ಅದರ ಪಕ್ಕದಲ್ಲಿ ತನ್ನ ಉತ್ತರವನ್ನು ಸ್ಥಿರಾಂಕದೊಡನೆ ಇನ್ನೊಮ್ಮೆ ಬರೆದುಕೊಂಡಳು.